ಘಾಟಬೋರಾಳದ ಆ ನಂಬರು

ಬಸವಕಲ್ಯಾಣದ ಸರಕಾರಿ ಆಸ್ಪತ್ರೆಯಿಂದ ಹಿರಿಯ ಶುಶ್ರೂಷಾಧಿಕಾರಿಯಾಗಿ ನಾನು ನಿವೃತ್ತಳಾದ ಮರುವರ್ಷದ ಮಾತಿದು. ಮೂವತ್ತನಾಲ್ಕು ವರ್ಷ ವಾರ್ಡಿನಲ್ಲಿ ಓಡಾಡಿದ ಕಾಲುಗಳು ಮನೆಯಲ್ಲಿ ಮೂರು ತಿಂಗಳೂ ಸುಮ್ಮನಿರಲಿಲ್ಲ. ಹುಮನಾಬಾದಿನಲ್ಲಿ ಒಂದು ಸೇವಾಸಂಸ್ಥೆ ಹಳ್ಳಿಯ ಹೆಂಗಸರಿಗಾಗಿ ಆರೋಗ್ಯ ಸಲಹೆಯ ಚಾಟ್ ಕೇಂದ್ರ ತೆರೆದಿದೆ, ಅನುಭವಸ್ಥರು ಬೇಕಂತೆ ಎಂದು ಪರಿಚಯದವರು ಹೇಳಿದರು. ಮರುದಿನವೇ ಬಸ್ಸು ಹತ್ತಿದೆ. ಹುದ್ದೆಯ ಹೆಸರು ಚಾಟ್ ಮೇಲ್ವಿಚಾರಕಿ. ಇಷ್ಟು ವರ್ಷ ಬಾಯಿಂದ ಗದರಿಸುತ್ತಿದ್ದೆ, ಇನ್ನು ಮುಂದೆ ಬೆರಳಿಂದ ಗದರಿಸುತ್ತೀಯೇನೋ ಎಂದು ನಮ್ಮ ಯಜಮಾನರು ನಕ್ಕರು.

ಅವರ ಮಾತು ಸುಳ್ಳಾಗಲಿಲ್ಲ. ಹಾಗಾಗಿಯೇ ಇದನ್ನು ಬರೆಯುತ್ತಿದ್ದೇನೆ.

ಕೆಲಸ ಹೀಗಿತ್ತು. ಹಳ್ಳಿಯ ಹೆಂಗಸರು ತಮ್ಮ ಫೋನಿನಿಂದ ನಮ್ಮ ಚಾಟ್‌ಗೆ ಬರೆದು ಕೇಳುತ್ತಿದ್ದರು. ನಾನು ಮತ್ತು ಇಮ್ತಿಯಾಜ್ ಅವನ್ನು ಓದಿ, ಸಣ್ಣ ಪ್ರಶ್ನೆಗಳಿಗೆ ನಾವೇ ಉತ್ತರಿಸಿ, ದೊಡ್ಡವನ್ನು ಡಾಕ್ಟರಮ್ಮನಿಗೆ ಕಳಿಸುತ್ತಿದ್ದೆವು. ಇಮ್ತಿಯಾಜ್ ನಮ್ಮ ಕಂಪ್ಯೂಟರ್ ಆಪರೇಟರ್. ಹುಮನಾಬಾದಿನಲ್ಲಿ ಹದಿನೈದು ವರ್ಷ ಇಂಟರ್ನೆಟ್ ಅಂಗಡಿ ನಡೆಸಿ, ಎಲ್ಲರ ಕೈಗೂ ಫೋನು ಬಂದ ಮೇಲೆ ಅದನ್ನು ಮುಚ್ಚಿ ಬಂದವರು. ಪ್ರತಿಯೊಂದು ನಂಬರಿಗೆ ನಮ್ಮಲ್ಲೊಂದು ಕಾರ್ಡ್ ಇರುತ್ತಿತ್ತು. ನೋಂದಣಿಯ ದಿನ ಹೇಳಿದ ಹೆಸರು, ವಯಸ್ಸು, ಕಾಯಿಲೆ, ಗುಳಿಗೆ ಎಲ್ಲ ಅದರಲ್ಲಿ.

ಸಂದೇಶದ ಮೇಲೆ ಕಾಣುವ ಹೆಸರು ಮಾತ್ರ ಬೇರೆ ಸಂಗತಿ. ಅದಕ್ಕೆ ಡಿಸ್‌ಪ್ಲೇ ನೇಮ್ ಎನ್ನುತ್ತಾರೆ. ನಂಬರು ಅದೇ ಇದ್ದರೂ ಫೋನು ಬಳಸುವವರು ಈ ಹೆಸರನ್ನು ಯಾವಾಗ ಬೇಕಾದರೂ ಬದಲಿಸಿಕೊಳ್ಳಬಹುದು. ಹುಲಸೂರಿನ ಎಪ್ಪತ್ತು ವರ್ಷದ ಅಜ್ಜಿಯೊಬ್ಬರ ಮಲಬದ್ಧತೆಯ ದೂರು ನಮಗೆ ‘ಡೇಂಜರ್ ಹುಡುಗ’ ಎಂಬ ಹೆಸರಿನಲ್ಲಿ ಬರುತ್ತಿತ್ತು, ಫೋನು ಮೊಮ್ಮಗನದು. ಮುಡಬಿಯ ಒಬ್ಬಾಕೆ ಹೆಸರಿನ ಜಾಗದಲ್ಲಿ ಮೂರು ಗುಲಾಬಿ ಹೂವಿನ ಚಿತ್ರ ಹಾಕಿದ್ದಳು. ರಿಜಿಸ್ಟರಿನಲ್ಲಿ ಒಂದು ಅಕ್ಷರ ಗೆರೆ ದಾಟಿದರೂ ಸಿಡುಕುತ್ತಿದ್ದ ನನಗೆ ಇದೆಲ್ಲ ಕಣ್ಣಲ್ಲಿ ಕಸ ಬಿದ್ದಂತಿತ್ತು.

ಆದರೆ ನನ್ನ ತಲೆ ಕೆಡಿಸಿದ್ದು ಘಾಟಬೋರಾಳದ ಒಂದು ನಂಬರು. ಕಾರ್ಡಿನಲ್ಲಿದ್ದ ಹೆಸರು ಕಮಳಾಬಾಯಿ, ವಯಸ್ಸು ಐವತ್ತೆಂಟು, ಸಕ್ಕರೆ ಕಾಯಿಲೆ. ಘಾಟಬೋರಾಳದಲ್ಲಿ ನಡೆಸಿದ ಸಕ್ಕರೆ ಶಿಬಿರದಲ್ಲಿ ನಾನೇ ನೋಂದಾಯಿಸಿದ್ದೆ. ಒಂದು ದಿನ ಆ ನಂಬರಿನಿಂದ ಕಮಳಾಬಾಯಿ ಹೆಸರಿನಲ್ಲಿ, ಗುಳಿಗೆ ಊಟಕ್ಕೆ ಮುಂಚೆಯೋ ಆಮೇಲೋ ಎಂಬ ಪ್ರಶ್ನೆ ಬಂತು. ಉತ್ತರ ಬರೆದೆ. ಐದು ನಿಮಿಷಕ್ಕೆ ಅದೇ ನಂಬರು, ಮೇಲೆ ಹೆಸರು ಮಹಾದೇವಿ: ಮೊಣಕಾಲು ಹಿಡಿದುಕೊಂಡಿದೆ, ಏನು ಹಚ್ಚಲಿ? ಇನ್ನು ಹತ್ತು ನಿಮಿಷಕ್ಕೆ ಹೆಸರು ನಾಗಮ್ಮ: ಕೈಗೆ ತುರಿಕೆ ಬಂದಿದೆ, ಬೆಳೆಗೆ ಹೊಡೆದ ಔಷಧದಿಂದ ಇರಬಹುದೇ? ಮಾರನೆಯ ದಿನ ಮತ್ತೆ ಇದೇ ಮೆರವಣಿಗೆ. ಭಾಷೆ ಒಂದೇ ತರಹ, ತಪ್ಪಿಲ್ಲದ ಅಕ್ಷರ, ಪ್ರಶ್ನೆ ಚೊಕ್ಕ. ಮೂವರೂ ಒಂದೇ ಕೈಯಿಂದ ಬರೆದಂತಿತ್ತು.

ನನಗೊಂದು ಚಟವಿದೆ. ಯಾವುದಾದರೂ ಲೆಕ್ಕಕ್ಕೆ ಸಿಗದಿದ್ದರೆ ಊಟ ಸೇರುವುದಿಲ್ಲ. ಒಂದು ಹಳೆಯ ನೋಟ್‌ಬುಕ್ ತೆಗೆದು ಆ ನಂಬರು ಯಾವ ಹೊತ್ತಿಗೆ ಯಾವ ಹೆಸರು ತೊಡುತ್ತದೆಂದು ಬರೆದಿಟ್ಟೆ. ಮಧ್ಯಾಹ್ನ ಒಂದರಿಂದ ಎರಡರವರೆಗೆ ಹೆಸರು ಬದಲಾಗುತ್ತದೆ, ಉಳಿದ ಹೊತ್ತು ಸುಮ್ಮನಿರುತ್ತದೆ. ಭಾನುವಾರ ಒಂದೂ ಇಲ್ಲ. ಇದು ಒಬ್ಬಳೇ ಹೆಂಗಸೋ, ನಮ್ಮನ್ನು ಪರೀಕ್ಷೆ ಮಾಡುತ್ತಿದ್ದಾಳೋ, ಊರಿನವರ ಕಾಯಿಲೆಗಳನ್ನೆಲ್ಲ ತನ್ನ ಮೈಮೇಲೆ ಎಳೆದುಕೊಳ್ಳುವ ಸ್ವಭಾವದವಳೋ? ಎರಡು ಸಲ ಫೋನು ಮಾಡಿದೆ. ಯಾರೂ ಎತ್ತಲಿಲ್ಲ.

ಇಮ್ತಿಯಾಜರಿಗೆ ಅನುಮಾನವೇ ಇರಲಿಲ್ಲ. “ಮೇಡಂ, ಯಾವನೋ ಖಾಲಿ ಕುಂತಾವ ಮಜಾ ತಗೊಳಾಕತ್ತಾನ್ರಿ. ಬ್ಲಾಕ್ ಮಾಡ್ರಿ, ಖತಂ” ಅಂದರು. ಅದಕ್ಕೂ ಕಾರಣವಿತ್ತು. ಹಿಂದಿನ ತಿಂಗಳಷ್ಟೇ ಒಬ್ಬ ಗಂಡಸು ಹೆಂಗಸರ ಹೆಸರಿಟ್ಟುಕೊಂಡು ಹೊಲಸು ಪ್ರಶ್ನೆ ಕೇಳಿ ಸಿಕ್ಕಿಬಿದ್ದಿದ್ದ. ಆದರೆ ಕಮಳಾಬಾಯಿಯನ್ನು ನಾನು ಕಣ್ಣಾರೆ ನೋಡಿದ್ದೆ. ಹಾವೂ ಸಾಯಬಾರದು, ಕೋಲೂ ಮುರಿಯಬಾರದು ಎಂದುಕೊಂಡು ನಡುವಿನ ದಾರಿ ಹಿಡಿದೆ. ನಮ್ಮ ವ್ಯವಸ್ಥೆಯಲ್ಲಿ ಹೆಸರು ಬದಲಾಯಿಸದಂತೆ ತಡೆಯುವ ಒಂದು ಗುಂಡಿ ಇತ್ತು. ಅದನ್ನು ಒತ್ತಿದೆ. ಆ ನಂಬರಿನ ಮೇಲೆ ಕಮಳಾಬಾಯಿ ಎಂಬ ಹೆಸರು ಗಟ್ಟಿಯಾಗಿ ಕೂತಿತು.

ಮರುದಿನ ಒಂದೂಕಾಲಕ್ಕೆ ಸಂದೇಶ ಬಂತು: “ಹೆಸರ ಬದ್ಲಿ ಆಗವಲ್ದು ರೀ. ಹ್ಯಾಂಗ ಮಾಡಬೇಕು?” ಆಗ ನಾನು ಬರೆದ ಉತ್ತರ ಈಗಲೂ ಬಾಯಿಪಾಠ ಇದೆ. “ಒಂದು ನಂಬರಿಗೆ ಒಂದೇ ಹೆಸರು. ಬೇರೆ ಹೆಸರು ಬಳಸಿದರೆ ಸೇವೆ ನಿಲ್ಲಿಸಲಾಗುವುದು.” ಕೆಳಗೆ ನನ್ನ ಹುದ್ದೆಯನ್ನೂ ಹಾಕಿದೆ. ಕಾರ್ಡ್ ಚೊಕ್ಕಟವಾಯಿತು ಎಂದು ಖುಷಿಯೂ ಆಯಿತು. ಆ ನಂಬರು ಒಂದು ವಾರ ಮೂಕವಾಗಿತ್ತು. ಕಳ್ಳ ಸಿಕ್ಕಿದ ಎಂದೇ ನಾನು ತಿಳಿದೆ.

ಮುಂದಿನ ಸೋಮವಾರ ಅದೇ ಹೊತ್ತಿಗೆ, ಕಮಳಾಬಾಯಿ ಹೆಸರಿನಲ್ಲಿ ಮೂರು ಸಾಲು ಬಂತು. “ಎರಡ ದಿನದಿಂದ ತಲಿ ಭಾಳ ನೋಯಾಕತ್ತದ. ಕಣ್ಣ ಮುಂದ ಮಂಜ ಮಂಜ ಕಾಣ್ತದ. ಕಾಲುಂಗುರ ಬೆರಳಿಗೆ ಕಚ್ಚಾಕತ್ತಾವ.” ಕಾರ್ಡ್ ತೆರೆದೆ. ಐವತ್ತೆಂಟು ವರ್ಷ, ಸಕ್ಕರೆ. ಕಣ್ಣು ಮಂಜಾಗುವುದು ಸಹಜವೇ. ಗುರುವಾರದ ಕಣ್ಣಿನ ತಪಾಸಣೆಗೆ ಬನ್ನಿ, ಬರುವಾಗ ಸಕ್ಕರೆ ಪರೀಕ್ಷೆ ಮಾಡಿಸಿ ಎಂದು ಬರೆದೆ. “ಹೂನ್ರಿ” ಎಂದು ಉತ್ತರ ಬಂತು. ನಾನು ಡಬ್ಬಿ ಬಿಚ್ಚಿ ಊಟಕ್ಕೆ ಕೂತೆ.

ಎರಡು ತುತ್ತು ತಿಂದಿರಬೇಕು. ಕಾಲುಂಗುರ ಎಂಬ ಮಾತು ಗಂಟಲಲ್ಲಿ ಸಿಕ್ಕಿಕೊಂಡಿತು.

ಸಕ್ಕರೆ ಕಾಯಿಲೆಯವರ ಪಾದ ನೋಡುವುದು ನಮ್ಮ ಕಡ್ಡಾಯ ಕೆಲಸ. ಗಾಯವಾದರೂ ಅವರಿಗೆ ತಿಳಿಯುವುದಿಲ್ಲವಾದ್ದರಿಂದ, ಕಣ್ಣು ಮುಚ್ಚಿಸಿ, ಬೆರಳಿಗೆ ಹತ್ತಿಯ ಎಳೆ ತಾಗಿಸಿ, ಗೊತ್ತಾಯಿತೇ ಎಂದು ಕೇಳುತ್ತೇವೆ. ಶಿಬಿರದಲ್ಲಿ ಕಮಳಾಬಾಯಿಯ ಎರಡೂ ಪಾದಗಳನ್ನು ನನ್ನ ತೊಡೆಯ ಮೇಲಿಟ್ಟುಕೊಂಡು ನೋಡಿದ್ದೆ. ಬೆರಳುಗಳು ಬರಿದಾಗಿದ್ದವು. ಉಂಗುರ ಇದ್ದ ಕಡೆ ತುಸು ತಗ್ಗು ಮಾತ್ರ ಉಳಿದಿತ್ತು. ಅದನ್ನು ನಾನು ಮುಟ್ಟಿ ನೋಡಿದಾಗ ಆಕೆ, ಗಂಡ ತೀರಿಕೊಂಡು ಮೂರು ವರ್ಷವಾಯಿತು, ಗುರುತು ಮಾತ್ರ ಹೋಗಿಲ್ಲ ಎಂದಿದ್ದಳು. ನಮ್ಮ ಕಡೆ ಗಂಡ ಸತ್ತವಳು ಕಾಲುಂಗುರ ಹಾಕುವುದಿಲ್ಲ. ಹಾಗಿದ್ದರೆ ಕಚ್ಚುತ್ತಿರುವ ಉಂಗುರ ಯಾರದು?

ಕೈ ತೊಳೆಯದೆ ಕಂಪ್ಯೂಟರಿನ ಮುಂದೆ ಬಂದೆ. ತಲೆನೋವು, ಕಣ್ಣು ಮಂಜು, ಊದಿದ ಕಾಲು. ಐವತ್ತೆಂಟರ ಹೆಂಗಸನ್ನು ಪಕ್ಕಕ್ಕಿಟ್ಟು ಆ ಮೂರು ಸಾಲನ್ನು ಓದಿದರೆ ಹೆರಿಗೆ ವಾರ್ಡಿನಲ್ಲಿ ಕೆಲಸ ಮಾಡಿದ ಯಾರಿಗಾದರೂ ಮೈ ಜುಮ್ಮೆನ್ನುತ್ತದೆ. “ಈ ಕಾಲುಂಗುರ ಯಾರವು?” ಎಂದು ಬರೆದೆ.

ಉತ್ತರ ಬರಲು ನಾಲ್ಕು ನಿಮಿಷ ಹಿಡಿಯಿತು.

“ಬ್ಯಾರೆ ಹೆಸರ ಹೇಳಬಹುದೇನ್ರಿ? ಬಂದ್ ಮಾಡಂಗಿಲ್ಲಲ್ರಿ?”

ಮೂವತ್ತನಾಲ್ಕು ವರ್ಷದ ಸೇವೆಯಲ್ಲಿ ಯಾವ ಮೇಲಧಿಕಾರಿಯ ಬೈಗುಳವೂ ನನ್ನನ್ನು ಅಷ್ಟು ಕುಗ್ಗಿಸಿರಲಿಲ್ಲ. ಹೇಳಮ್ಮ, ಬೇಗ ಹೇಳು ಎಂದು ಬರೆದೆ. “ಸುಜಾತಾ. ಎಂಟ ತಿಂಗಳ ಆಗ್ಯಾವ” ಎಂದು ಬಂತು.

ಕೂಡಲೇ ಫೋನು ಮಾಡಿದೆ. ಈ ಸಲ ಎತ್ತಿದಳು. ಸಣ್ಣ ದನಿ. ಎದೆಗೂಡಿನ ಕೆಳಗೆ ನೋವಿದೆಯೇ ಎಂದರೆ ಬೆಳಗಿನಿಂದ ಇದೆ ಎಂದಳು. ಬಸುರಿಯಲ್ಲಿ ರಕ್ತದೊತ್ತಡ ಏರಿ ಹೀಗಾಗುವುದಕ್ಕೆ ಪ್ರೀ-ಎಕ್ಲಾಂಪ್ಸಿಯಾ ಎನ್ನುತ್ತೇವೆ. ತಡವಾದರೆ ಫಿಟ್ಸ್ ಬರುತ್ತದೆ; ತಾಯಿ, ಕೂಸು ಇಬ್ಬರ ಜೀವಕ್ಕೂ ಅಪಾಯ. ಗುರುವಾರ ಬನ್ನಿ ಎಂದು ಹೇಳಿದವಳು ನಾನೇ. ಆಕೆ ಇದ್ದದ್ದು ಹೊಲದಲ್ಲಿ, ಬೇವಿನ ಮರದ ಕೆಳಗೆ. ಪಕ್ಕದಲ್ಲಿ ದೊಡ್ಡವರು ಯಾರಿದ್ದಾರೆ, ಅವರಿಗೆ ಫೋನು ಕೊಡು ಎಂದೆ. ಬಂದವಳು ನಿಜವಾದ ಕಮಳಾಬಾಯಿ.

ನಾನು ಕರೆದ ಆಂಬುಲೆನ್ಸ್ ಬೇರೊಂದು ಊರಿಗೆ ಹೋಗಿತ್ತು, ಮುಕ್ಕಾಲು ಗಂಟೆ ಬೇಕೆಂದರು. ಕಮಳಾಬಾಯಿ ಕಾಯಲಿಲ್ಲ. ದಾರಿಗೆ ನಿಂತು ಹುಮನಾಬಾದಿಗೆ ಹೊರಟಿದ್ದ ಒಂದು ಆಟೋ ತಡೆದಳು. ಒಳಗಿದ್ದ ಆರು ಜನ ಮಾತಿಲ್ಲದೆ ಇಳಿದು ಜಾಗ ಬಿಟ್ಟರಂತೆ. ಅಷ್ಟರಲ್ಲಿ ನಾನು ಡಾಕ್ಟರಮ್ಮನಿಗೆ ತಿಳಿಸಿ ತಾಲ್ಲೂಕು ಆಸ್ಪತ್ರೆಯ ಬಾಗಿಲಲ್ಲಿ ನಿಂತೆ. ಸುಜಾತಾ ಬಂದಾಗ ಬಿ.ಪಿ. ನೂರಾ ಎಪ್ಪತ್ತು–ನೂರಾ ಹತ್ತು ಇತ್ತು. ಫಿಟ್ಸ್ ಬರದಂತೆ ತಡೆಯುವ ಮ್ಯಾಗ್ನೀಶಿಯಂ ಸಲ್ಫೇಟ್ ಇಂಜೆಕ್ಷನ್ ಆಯಿತು.

ಕಾಲುಂಗುರಗಳು ಊದಿದ ಬೆರಳಿನೊಳಗೆ ಹೂತುಹೋಗಿದ್ದವು. ತೆಗೆಯಬೇಕು ಎಂದಾಗ, ಜೊತೆಗೆ ಬಂದಿದ್ದ ಸುಜಾತಾಳ ತಾಯಿ ಬೆಚ್ಚಿದಳು. ಗಂಡನಿರುವ ಹೆಣ್ಣಿನ ಕಾಲುಂಗುರ ತೆಗೆಯುವುದು ಯಾವ ತಾಯಿಗೂ ಸುಲಭವಲ್ಲ. ತನ್ನ ಕೈ ತಾಗಬಾರದೆಂದು ಕಮಳಾಬಾಯಿ ಎರಡು ಹೆಜ್ಜೆ ಹಿಂದೆ ಸರಿದು, ಅಲ್ಲಿಂದಲೇ, “ಮಹಾದೇವಿ, ಬೆರಳ ಉಳಿದ್ರ ಉಂಗುರ ಮತ್ತ ಹಾಕಬಹುದು, ಬಿಡವ್ವ” ಅಂದಳು. ಆಗ ನನಗೆ ತಿಳಿಯಿತು, ಈ ತಾಯಿಯೇ ಮೊಣಕಾಲು ನೋವಿನ ಮಹಾದೇವಿ. ದಾರ ಸುತ್ತಿ ನಾನೇ ಉಂಗುರ ಜಾರಿಸಿದೆ. ಮಹಾದೇವಿ ಅವನ್ನು ಸೆರಗಿನ ತುದಿಗೆ ಗಂಟು ಹಾಕಿಕೊಂಡಳು. ಅಲ್ಲಿಂದ ಸುಜಾತಾಳನ್ನು ಬೀದರಿನ ದೊಡ್ಡಾಸ್ಪತ್ರೆಗೆ ಕಳಿಸಿದರು. ಎರಡು ದಿನದ ಮೇಲೆ ಆಪರೇಷನ್ ಆಗಿ ಹೆಣ್ಣು ಕೂಸು ಹುಟ್ಟಿತು. ತೂಕ ಎರಡು ಕಿಲೋಗಿಂತ ತುಸು ಕಡಿಮೆ. ಇಬ್ಬರೂ ಉಳಿದರು.

ಒಂದು ನಂಬರಿಗೆ ಅಷ್ಟು ಹೆಸರು ಏಕೆ ಎಂಬ ನನ್ನ ಪ್ರಶ್ನೆ ಮಾತ್ರ ಹಾಗೇ ಉಳಿದಿತ್ತು. ಮುಂದಿನ ವಾರ ರಜೆ ಹಾಕಿ ಘಾಟಬೋರಾಳಕ್ಕೆ ಹೋದೆ. ಅವರದು ಹನ್ನೊಂದು ಹೆಂಗಸರ ಕಳೆ ತೆಗೆಯುವ ಗುಂಪು. ಕಮಳಾಬಾಯಿ ಅದರ ಹಿರಿಯಳು. ಗುಂಪಿಗೆಲ್ಲ ಚಾಟ್ ಮಾಡಬಲ್ಲ ದೊಡ್ಡ ಫೋನು ಅವಳದೊಂದೇ. ಕೆಲಸದ ಹೊತ್ತಿನಲ್ಲಿ ಬುತ್ತಿಗಂಟಿನ ಜೊತೆ ಮರಕ್ಕೆ ತೂಗುಹಾಕಿರುತ್ತಿದ್ದರು, ನಾನು ಮಾಡಿದ ಕರೆ ಕೇಳುವವರೇ ಇರಲಿಲ್ಲ. ಪಿಯುಸಿ ಓದಿದ ಸುಜಾತಾ ಹೆರಿಗೆಗೆಂದು ತವರಿಗೆ ಬಂದವಳು, ತಾಯಿಯ ಬುತ್ತಿ ತಂದು ಮರದ ಕೆಳಗೆ ಕೂರುತ್ತಿದ್ದಳು. ಉಣ್ಣುವ ಹೊತ್ತಿಗೆ ಒಬ್ಬೊಬ್ಬರೇ ಅವಳಿಗೆ ತಮ್ಮ ನೋವು ಹೇಳುವುದು, ಅವಳು ಅವರವರ ಹೆಸರಿಗೆ ಬದಲಿಸಿ ಬರೆಯುವುದು. ಕಡೆಗೆ ತನ್ನದೇ ನೋವು ಬಂದಾಗ ಹೆಸರಿಡಲು ಜಾಗವಿರಲಿಲ್ಲ. ಬಸುರಿಯರಿಗೆ ಸರಕಾರ ಕೊಡುವ ‘ತಾಯಿ ಕಾರ್ಡು’ ಗಂಡನ ಊರಲ್ಲಿತ್ತು, ಇಲ್ಲಿನ ಪಟ್ಟಿಯಲ್ಲಿ ಅವಳಿರಲಿಲ್ಲ.

ಒಂದೇ ಫೋನಿಗೆ ಅಷ್ಟು ಕಷ್ಟಪಟ್ಟು ಹೆಸರು ಬದಲಿಸುತ್ತಿದ್ದುದು ಏಕೆ ಎಂದು ಕಮಳಾಬಾಯಿಯನ್ನು ಕೇಳಿದೆ. ಆಕೆಗೆ ನನ್ನ ಪ್ರಶ್ನೆಯೇ ವಿಚಿತ್ರವಾಗಿ ಕಂಡಿತು.

“ಒಬ್ಬರ ಚೀಟಿ ಮ್ಯಾಲ ಇನ್ನೊಬ್ಬರು ಗುಳಗಿ ತಗೋಬಾರ್ದು, ಯಾರಿಗಿ ಬ್ಯಾನಿ ಅದ ಅವ್ರ ಹೆಸರೇ ಹೇಳ್ರಿ ಅಂತ ಶಿಬಿರದಾಗ ನೀವೇ ಹೇಳಿದ್ರಲ್ರೀ ಸಿಸ್ಟರ್” ಎಂದಳು.

ಹೇಳಿದ್ದೆ. ಪ್ರತಿ ಶಿಬಿರದಲ್ಲೂ ಮೊದಲ ಮಾತೇ ಅದು. ನಾನು ಕಲಿಸಿದ್ದನ್ನು ಅವರು ಚಾಚೂ ತಪ್ಪದೆ ಮಾಡಿದ್ದರು. ಹಾಗೆ ಮಾಡಿದ್ದಕ್ಕೆ ಅವರ ಬಾಯಿ ಕಟ್ಟಿದವಳೂ ನಾನೇ. ಆ ಹನ್ನೊಂದು ಜನರ ಎದುರಿಗೆ ನನ್ನದು ತಪ್ಪಾಯಿತು ಎಂದೆ. ಯಾರೂ ಅದನ್ನು ದೊಡ್ಡದು ಮಾಡಲಿಲ್ಲ. ನಾಗಮ್ಮ ಕೈ ಮುಂದೆ ಚಾಚಿ, ತುರಿಕೆ ಇನ್ನೂ ಹೋಗಿಲ್ಲ, ಎದುರಿಗೇ ಬಂದಿದ್ದೀರಿ ನೋಡಿಬಿಡಿ ಎಂದಳು.

ಹುಮನಾಬಾದಿಗೆ ಮರಳಿ ಮೊದಲು ಆ ತಡೆ ತೆಗೆದೆ. ಇಮ್ತಿಯಾಜರು ಒಂದು ನಂಬರಿನ ಕೆಳಗೆ ಎಷ್ಟು ಕಾರ್ಡ್ ಬೇಕಾದರೂ ತೆರೆಯುವಂತೆ ಮಾಡಿಸಿದರು. ಯಾರೇ ಬರೆದರೂ ನಮ್ಮ ಮೊದಲ ಪ್ರಶ್ನೆ ‘ಈಗ ನೋವು ಯಾರಿಗೆ?’ ಎಂದಾಯಿತು. ಕಾರ್ಡು ಎಷ್ಟೇ ಚೊಕ್ಕವಾಗಿರಲಿ, ಈ ಪ್ರಶ್ನೆ ಬಿಟ್ಟರೆ ಅದು ಬರೀ ಕಾಗದ. ಇಷ್ಟು ತಿಳಿಯಲು ನನಗೆ ಮೂವತ್ತೈದನೆಯ ವರ್ಷ ಬೇಕಾಯಿತು.

ಒಂದೂವರೆ ತಿಂಗಳು ಕಳೆದಿತ್ತು. ಒಂದು ಮಧ್ಯಾಹ್ನ ಒಂದೂಕಾಲಕ್ಕೆ ಅದೇ ನಂಬರಿನಿಂದ ಸಂದೇಶ ಬಂತು. ಮೇಲಿದ್ದ ಹೆಸರು ನನ್ನ ನೋಟ್‌ಬುಕ್ಕಿನಲ್ಲಿ ಎಲ್ಲೂ ಇರಲಿಲ್ಲ: ಪ್ರಜ್ಞಾ. ಇದ್ಯಾರಪ್ಪಾ ಹೊಸಬರು ಎಂದು ಇಮ್ತಿಯಾಜರು ಬಗ್ಗಿ ನೋಡಿದರು. ಕೆಳಗೆ ಒಂದೇ ಸಾಲಿತ್ತು.

“ನನಗ ಆರ ವಾರ ತುಂಬ್ಯಾವ್ರಿ. ಲಸಿಕಿ ಹಾಕಸ್ಲಿಕ್ಕಿ ಯಾವಾಗ ಬರ್ಲಿ?”

ಹೊಸ ಕಾರ್ಡ್ ತೆರೆದು ಬರೆದೆ: ಪ್ರಜ್ಞಾ, ವಯಸ್ಸು ಆರು ವಾರ, ತಾಯಿ ಸುಜಾತಾ.