ತೂತಿನ ಮೇಲಿನ ಸೆಲ್ಲೋಟೇಪು

ಹಳೆಯ ಸೆಲ್ಲೋಟೇಪಿನ ಅಂಟಿಗೆ ಒಂದು ಹುಳಿ ವಾಸನೆಯಿದೆ. ಅದು ಮೂಗಿಗೆ ಬಡಿದರೆ ಸಾಕು, ಜಪಾನಿನ ಉರಯಾಸುವಿನಲ್ಲಿದ್ದ ನಮ್ಮ ಎರಡು ಕೋಣೆಯ ಮನೆ ಎದ್ದು ಬರುತ್ತದೆ: ಸದಾ ಬೆಚ್ಚಗಿರುತ್ತಿದ್ದ ವಿಸಿಆರ್, ರವೆ ಹುರಿಯುತ್ತ ನಿಂತ ಅಮ್ಮ. ಮದುವೆಗೆ ಮುಂಚೆ ಅಮ್ಮ ಏಳು ವರ್ಷ ರೋಮಿನಲ್ಲಿದ್ದಳು. ಅಲ್ಲಿನ ಸಿನಿಮಾಗಳಲ್ಲಿ ಕ್ಯಾಮೆರಾ ಸಹಾಯಕಿಯಾಗಿ ದುಡಿದು, ಕೊನೆಗೆ ಒಂದೇ ಒಂದು ಚಿತ್ರಕ್ಕೆ ತಾನೇ ಛಾಯಾಗ್ರಾಹಕಿಯಾದಳು. ಆ ಚಿತ್ರ ಬಿಡುಗಡೆಯಾಗಲಿಲ್ಲ. ಎರಡು ಸಾವಿರದ ಇಸವಿಗೆ ಕಂಪ್ಯೂಟರುಗಳು ದಿನಾಂಕ ತಪ್ಪಬಾರದೆಂದು ಪ್ರೋಗ್ರಾಮು ತಿದ್ದಲು ಅಪ್ಪ ಜಪಾನಿಗೆ ಬಂದರು. ಅವರ ವೀಸಾದ ಹಿಂದೆ ಅಮ್ಮ. ಬೆಳಕು ಅಳೆಯುವ ಅವಳ ಲೈಟ್ ಮೀಟರ್ ಸಾಸಿವೆ ಡಬ್ಬಿಯ ಪಕ್ಕದಲ್ಲಿರುತ್ತಿತ್ತು. "ಪುಟ್ಟಿ, ಮೊದ್ಲು ಬೆಳಕು ಎಲ್ಲಿಂದ ಬರ್ತಿದೆ ನೋಡು, ಆಮೇಲೆ ಮುಖ ನೋಡು," ಎನ್ನುತ್ತಿದ್ದಳು. ಅಂದಳೋ, ಅಂದಿರಬೇಕೆಂದು ನಾನು ಕಟ್ಟಿಕೊಂಡೆನೋ.

ಆ ಚಿತ್ರದಲ್ಲಿ ಅವಳು ತೆಗೆದ ದೃಶ್ಯಗಳು ಒಂದೇ ಕ್ಯಾಸೆಟ್ಟಿನಲ್ಲಿ ಉಳಿದಿದ್ದವು. ಇಟಲಿಯ ಟೇಪು ಜಪಾನಿನ ವಿಸಿಆರ್‌ಗೆ ಒಗ್ಗದು. ಹಾಕಿದರೆ ಬರೀ ಬೂದು ಗೆರೆಗಳು. ಕೆಲವು ಮಧ್ಯಾಹ್ನ ಅವಳು ಆ ಗೆರೆಗಳನ್ನೇ ನೋಡುತ್ತ ಕೂತಿರುತ್ತಿದ್ದಳು. ಒಂದು ದಿನ ಅವಳ ಹಳೆಯ ನಿರ್ದೇಶಕನ ಪತ್ರ ಬಂತು: ಹೊಸ ಚಿತ್ರಕ್ಕೆ ಕ್ಯಾಮೆರಾ ಹಿಡಿಯುತ್ತೀಯಾ, ನಿರ್ಮಾಪಕನಿಗೆ ತೋರಿಸಲು ಟೇಪು ಕಳಿಸು.

"ಹೋಗು, ಯಾರು ಬೇಡ ಅಂದ್ರು?" ಎಂದರು ಅಪ್ಪ. "ಪುಟ್ಟೀನ ನಮ್ಮ ಬಾಸ್ ತನಾಕಾ-ಸಾನ್ ನೋಡ್ಕೋತಾರೆ, ಅಲ್ವಾ?"

ಪಾರ್ಸೆಲ್ ಕಟ್ಟುವ ಮುಂಚೆ, ಕೊನೆಯ ಸಲ ಗೆರೆಗಳನ್ನು ನೋಡೋಣವೆಂದು ಅಮ್ಮ ಟೇಪು ಹಾಕಿದಳು. ಗೆರೆ ಬರಲಿಲ್ಲ. ಬಣ್ಣಬಣ್ಣವಾಗಿ, ಚೊಕ್ಕವಾಗಿ, ಟೇಪು ಮುಗಿಯುವವರೆಗೂ ನನ್ನ ಕಾರ್ಟೂನಿನ ಬೆಕ್ಕು ಕುಣಿಯಿತು.

"ಗೊಮೆನ್, ಅಮ್ಮಾ," ಎಂದು ಜಪಾನಿಯಲ್ಲಿ ಕ್ಷಮೆ ಕೇಳುತ್ತ ನಾನು ಅತ್ತೆ.

"ಮಗು ಕಣೇ, ಬಿಡು. ಬರೀ ಗೆರೆ ಬರ್ತಿತ್ತಲ್ಲ, ಖಾಲಿ ಟೇಪು ಅಂದ್ಕೊಂಡಿದೆ," ಎಂದರು ಅಪ್ಪ.

ಅಮ್ಮ ಕ್ಯಾಸೆಟ್ಟನ್ನು ತಿರುಗಿಸಿ ಅದರ ಅಂಚನ್ನು ನೋಡಿದಳು, ಅಪ್ಪನನ್ನು ನೋಡಿದಳು. "ಸರಿ ರೀ," ಎಂದಳು. ಅಷ್ಟೇ. ರೋಮಿನ ಮಾತು ಮತ್ತೆ ಆಡಲಿಲ್ಲ.

ಮನೆಗೆ ಬಂದವರಿಗೆಲ್ಲ ಅಪ್ಪ ಇದನ್ನು ನನ್ನ ತುಂಟತನವೆಂದು ಹೇಳಿ ನಗಿಸುತ್ತಿದ್ದರು. ನಾನೂ ನಗುತ್ತಿದ್ದೆ. ರೆಕಾರ್ಡಿನ ಕೆಂಪು ಗುಂಡಿ ಒತ್ತಿದ ನೆನಪು ನನಗೆ ಸ್ಪಷ್ಟವಾಗಿತ್ತು, ಅನುಮಾನ ಬರಬೇಕಾಗಿದ್ದಷ್ಟು ಸ್ಪಷ್ಟ. ನಿಮ್ಮ ಬಾಲ್ಯದ ನೆನಪುಗಳಲ್ಲಿ ಬೇರೆಯವರು ಅಂಟಿಸಿದ್ದೆಷ್ಟು, ನಿಮಗೆ ಗೊತ್ತೇ?

ಅಮ್ಮ ತೀರಿಕೊಂಡ ಮೇಲೆ ಕ್ಯಾಸೆಟ್ಟು ನನ್ನ ಕೈಗೆ ಬಂತು. ಮೇಲೆ ಬೇರೇನೂ ರೆಕಾರ್ಡ್ ಆಗದಿರಲೆಂದು ಅಂಚಿನ ಪ್ಲಾಸ್ಟಿಕ್ ತುಣುಕನ್ನು ಮುರಿದಿಡುತ್ತಾರೆ, ಅಮ್ಮ ಮುರಿದಿದ್ದಳು. ಆ ತೂತು ಮುಚ್ಚದೆ ಕೆಂಪು ಗುಂಡಿ ಕೆಲಸ ಮಾಡುವುದಿಲ್ಲ. ಯಾರೋ ಮುಚ್ಚಿದ್ದರು, ಸೆಲ್ಲೋಟೇಪನ್ನು ಕತ್ತರಿಯಿಂದ ಅಳತೆಗೆ ಸರಿಯಾಗಿ ಕತ್ತರಿಸಿ. ಆಗ ನನಗೆ ಐದು ವರ್ಷ.

ಹಳದಿಗಟ್ಟಿದ ಅಂಟಿನಲ್ಲಿ ಒಂದು ಹೆಬ್ಬೆರಳಿನ ಗುರುತಿದೆ. ಅದರ ಮೇಲೆ ನನ್ನದನ್ನು ಇಟ್ಟು ನೋಡಿದೆ. ಈಗಲೂ ಅದು ನನ್ನದಕ್ಕಿಂತ ದೊಡ್ಡದು.