ಓದದೆ ಬಿಟ್ಟ ಷರಾ

ಮಹಾದೇವಿ, ನಿನ್ನ ಅಪ್ಪ ಭೀಮಶಾ ನಿರಪರಾಧಿ. ಕಮಲಾಪುರದ ಇಳಿಜಾರಿನಲ್ಲಿ ಆ ಬಸ್ಸು ಉರುಳಿದ್ದು ಡ್ರೈವರನ ತಪ್ಪಿನಿಂದಲ್ಲ — ನನ್ನಿಂದ. ಅದನ್ನು ಹೇಳಲೆಂದೇ ಈ ಕಾಗದ.

ಪೊಲೀಸ್ ಕಾರ್ಯಾಚರಣೆ ಮುಗಿದ ಮರುವರ್ಷ. ಕಲಬುರಗಿಯ ಮೋಟಾರು ಕಚೇರಿಯಲ್ಲಿ ನಾನು ಗುಮಾಸ್ತ. ನಿಜಾಮನ ಸರ್ಕಾರ ಹೋಗಿ ಹೊಸದು ಬಂದಿತ್ತು, ಫೈಲುಗಳು ಮಾತ್ರ ಉರ್ದುವಿನಲ್ಲೇ ಇದ್ದವು. ಹೊರಗಿನಿಂದ ಬಂದ ಹೊಸ ಇನ್ಸ್‌ಪೆಕ್ಟರರಿಗೆ ಉರ್ದು ಓದಲು ಬಾರದು. ಬೆಳಿಗ್ಗೆ ಪ್ರತಿ ಬಸ್ಸಿನ ಫೈಲನ್ನು ನಾನು ಕನ್ನಡದಲ್ಲಿ ಓದಿ ಹೇಳಬೇಕು; ಅವರು ಕೇಳಿಸಿಕೊಂಡು, ಬಸ್ಸಿನ ಸುತ್ತ ಒಮ್ಮೆ ಅಡ್ಡಾಡಿ, ಓಡಿಸಲು ಯೋಗ್ಯವೆಂದು ಸಹಿ ಹಾಕಬೇಕು. ಹೀಗೇ ನಡೆದಿತ್ತು.

ನಿನ್ನ ಅಪ್ಪನ ಬಸ್ಸಿನ ಫೈಲಿನಲ್ಲಿ ಹಳೆಯ ಇನ್ಸ್‌ಪೆಕ್ಟರರ ಷರಾ ಇತ್ತು — ಬ್ರೇಕಿನ ಪೈಪು ಸೋರುತ್ತಿದೆ, ಬದಲಿಸುವವರೆಗೆ ಕಮಲಾಪುರದ ದಾರಿಗೆ ಬಿಡಕೂಡದು. ಹಿಂದಿನ ದಿನ ಬಸ್ಸಿನ ಮಾಲೀಕ ನನ್ನ ಮೇಜಿಗೆ ಒರಗಿ ನಿಂತು, ನಗುತ್ತಲೇ ಅಂದಿದ್ದ:

"ಆ ಸರ್ಕಾರೇ ಹೋತ್ರೀ. ಅವ್ರ ಷರಾ ಇನ್ನ್ಯಾಕ ಓದ್ತೀರಿ?"

ಆತ ಲಂಚ ಕೊಡಲಿಲ್ಲ. ಬೇಕಾಗಿಯೂ ಇರಲಿಲ್ಲ. ಹಳೆಯ ಅಧಿಕಾರಿಗಳ ಮಾತು ಎತ್ತಿದವನನ್ನು ಆ ದಿನಗಳಲ್ಲಿ ಅವರ ಕಡೆಯವನೆಂದು ಬೆರಳು ಮಾಡಿ ತೋರಿಸುತ್ತಿದ್ದರು. ಜೊತೆಯ ಗುಮಾಸ್ತನೊಬ್ಬ ಹಾಗೆಯೇ ಕೆಲಸ ಕಳೆದುಕೊಂಡಿದ್ದ. ನಾನೂ ಉರ್ದು ಶಾಲೆಯಲ್ಲೇ ಓದಿದವನು — ನನ್ನ ಸರದಿ ಯಾವಾಗಲೋ ಎಂದು ದಿನ ಎಣಿಸುತ್ತಿದ್ದೆ.

ಬೆಳಿಗ್ಗೆ ಅಂಗಳದಲ್ಲಿ ನಿನ್ನ ಅಪ್ಪ ನನ್ನನ್ನು ತಡೆದ.

"ಸಾಹೇಬ್ರ, ಮೂರ್ ಸಲ ತುಳದ್ರ ಒಮ್ಮಿ ಹಿಡಿತದ ಬ್ರೇಕ್. ದೊಡ್ಡ ಸಾಹೇಬ್ರಿಗಿ ಹೇಳ್ರಿ."

ಹೇಳುತ್ತೇನೆ ಅಂದೆ. ಒಳಗೆ ಹೋಗಿ ಫೈಲು ಓದಿದೆ — ಚಕ್ರ, ದೀಪ, ಹಾರನ್ನು, ಎಲ್ಲವನ್ನೂ. ಷರಾ ಬಂದಾಗ ಪುಟ ಮಗುಚಿದೆ. ಸಾಹೇಬರು ಸಹಿ ಹಾಕಿದರು.

ನಾಲ್ಕನೆಯ ದಿನ, ಕಮಲಾಪುರದ ಸಂತೆಗೆ ಹೊರಟಿದ್ದ ಬಸ್ಸು ಇಳಿಜಾರಿನಲ್ಲಿ ನಿಲ್ಲಲಿಲ್ಲ. ಬಾಳೆಬುಟ್ಟಿಗಳ ಜೊತೆ ಕುಳಿತಿದ್ದ ಮುದುಕಿಯೊಬ್ಬಳು ಸತ್ತಳು. ವಿಚಾರಣೆಯಲ್ಲಿ ನಿನ್ನ ಅಪ್ಪ ನನ್ನತ್ತ ಕೈ ತೋರಿಸಿ, ಇವರಿಗೆ ಹೇಳಿದ್ದೆ ಅಂದ. ಹಳೆಯ ಫೈಲಿನಲ್ಲಿ ಏನಾದರೂ ಇತ್ತೇ ಎಂದು ನನ್ನನ್ನು ಕೇಳಿದರು. ಏನೂ ಇರಲಿಲ್ಲ ಅಂದೆ. ಆ ಹಾಳೆಯನ್ನು ಆಗಲೇ ಕಿತ್ತು ಮನೆಗೆ ಒಯ್ದಿದ್ದೆ. ಕುಡಿದು ಓಡಿಸಿದನೆಂದು ಬರೆದು ಅವನ ಲೈಸೆನ್ಸು ಕಿತ್ತುಕೊಂಡರು — ಜೀವನದಲ್ಲಿ ಎಂದೂ ಕುಡಿಯದ ಮನುಷ್ಯನದು.

ನಾನು ಅಂಜಿದ್ದೆ, ನಿಜ. ಆದರೆ ಅಂಜಿಕೆ ನಿನ್ನ ಅಪ್ಪನಿಗೂ ಇತ್ತು. ಅವನು ಬಾಯಿಬಿಟ್ಟು ಹೇಳಿದ.

ಕಮಲಾಪುರದ ಬಸ್ಸು ಹತ್ತಿದರೆ, ಆ ಇಳಿಜಾರು ಬರುತ್ತಲೇ ನನ್ನ ಬಲಗಾಲು ಇಂದಿಗೂ ತಾನಾಗಿ ನೆಲವನ್ನು ಒತ್ತುತ್ತದೆ. ಹೋದ ವಾರ ಕಮಲಾಪುರದ ಬಸ್ ನಿಲ್ದಾಣದಲ್ಲಿ ನೀನು ಕೆಂಪು ಬಾಳೆ ಮಾರುತ್ತಿದ್ದೆ. ಯಾರೋ ನಿನ್ನನ್ನು ತೋರಿಸಿ, ಆ ಕುಡುಕ ಡ್ರೈವರನ ಮಗಳು ಅಂದರು. ನೀನು ತಲೆ ಎತ್ತಲಿಲ್ಲ. ನಿನ್ನ ಅಪ್ಪ ಸತ್ತು ಇಷ್ಟು ವರ್ಷವಾದರೂ...

ಆ ಹಾಳೆ ನನ್ನ ಬಳಿ ಇದೆ. ಬರುವ ಸಂತೆಯ ದಿನ ತರುತ್ತೇನೆ. ನಿನಗೆ ಉರ್ದು ಬಾರದು. ಆ ನಿಲ್ದಾಣದಲ್ಲೇ, ಆ ಮಾತು ಆಡಿದವರೆಲ್ಲರ ಎದುರು, ಕನ್ನಡದಲ್ಲಿ ಓದಿ ಹೇಳುತ್ತೇನೆ. ಈ ಸಲ ಪುಟ ಮಗುಚುವುದಿಲ್ಲ.