ಬೀದಿಯಲ್ಲಿ ಒಣಗಿದ ಹಾಸು

ಮೊನ್ನೆ ಮೊಮ್ಮಗಳು ಸೀರೆಗೆ ಹಾಕಲೆಂದು ಗಂಜಿ ಕಾಯಿಸಿ ಎರಡು ದಿನ ಹಾಗೇ ಮರೆತಿದ್ದಳು. ಆ ಹುಳಿ ವಾಸನೆ ಮೂಗಿಗೆ ಬಡಿದದ್ದೇ ತಡ, ತೊರಗಲ್ಲಿನ ಎದುರುಮನೆ ಕಾಕಾ ನೆನಪಾದರು...

ನಾನು ಆ ಊರಿಗೆ ಸೊಸೆಯಾಗಿ ಹೋದಾಗ ನಮ್ಮದು ಪೂಜಾರಿಕೆಯ ಮನೆ, ಎದುರಿನ ಸಾಲು ಪೂರಾ ನೇಕಾರರದು. ಮಗ್ಗಕ್ಕೆ ಏರಿಸುವ ಮೊದಲು ಹಾಸಿನ ಉದ್ದ ನೂಲೆಳೆಗಳನ್ನು ಬೀದಿಯುದ್ದಕ್ಕೂ ಎಳೆದು ಕಟ್ಟಿ, ಹುಳಿ ಬಂದ ಜೋಳದ ಗಂಜಿ ಹಚ್ಚಿ, ಬಿಸಿಲು ಏರುವುದರೊಳಗೆ ಒಂದಕ್ಕೊಂದು ಅಂಟದಂತೆ ಒಂದೊಂದೇ ಎಳೆ ಬಿಡಿಸಬೇಕು. ಒಬ್ಬಿಬ್ಬರಿಂದ ಆಗುವ ಕೆಲಸವಲ್ಲ. ಇವರ ಕೆಲಸಕ್ಕೆ ಅವರು, ಅವರ ಕೆಲಸಕ್ಕೆ ಇವರು. ಕಾಕಾ ಕುಂಚ ಹಿಡಿದು ನಡೆದರೆ ಬೀದಿಗೆಲ್ಲ ಅವರದೇ ಚೇಷ್ಟೆ. ದೊಡ್ಡ ಕೊಡ ಹೊತ್ತ ನನ್ನನ್ನು ಕಂಡರೆ, ಕೊಡಕ್ಕೇ ಕಾಲು ಬಂದಿವೆ ನೋಡಿ ಎಂದು ನಗಿಸುತ್ತಿದ್ದರು. ತವರು ಬಿಟ್ಟು ಬಂದ ನನಗೆ ಅಲ್ಲಿ ಮೊದಲು ಹಿತವೆನಿಸಿದ್ದು ಅವರ ಮಾತೇ.

ಪ್ಲೇಗಿನ ವರ್ಷ ಅರ್ಧ ಓಣಿ ಬರಿದಾಯಿತು. ಉಳಿದವರು ಒಬ್ಬೊಬ್ಬರಾಗಿ ಸೊಲ್ಲಾಪುರದ ಗಿರಣಿಗೆ ಹೊರಟರು. ಗಿರಣಿಯ ಸಿಳ್ಳೆ ಕೇಳಿ ಏಳುವುದು ತನ್ನಿಂದಾಗದು ಎಂದು ಕಾಕಾ ಉಳಿದರು. ಆದರೆ ಅವರ ಹೆಂಡತಿ ಗಂಟು ಕಟ್ಟಿಯೇ ಇಟ್ಟಿದ್ದರು. ಈ ಒಂದು ಹಾಸು ಮಗ್ಗ ಏರಿದರೆ ಇರುವುದು, ಇಲ್ಲವಾದರೆ ಹೊರಡುವುದು ಎಂದು ಇಬ್ಬರಲ್ಲೂ ಮಾತಾಗಿತ್ತು.

ಆ ಬೆಳಿಗ್ಗೆ ಗಂಜಿ ಹಚ್ಚಿದ ಮೇಲೆ ಗೊತ್ತಾಯಿತು, ಕೈಜೋಡಿಸುತ್ತೇವೆಂದಿದ್ದ ಮಗ್ಗುಲ ಮನೆಯ ಅಣ್ಣತಮ್ಮಂದಿರು ನಸುಕಿನಲ್ಲೇ ಚಕ್ಕಡಿ ಹೂಡಿಕೊಂಡು ಊರು ಬಿಟ್ಟಿದ್ದರು. ಗಂಡಹೆಂಡತಿ ಇಬ್ಬರೇ ಆ ತುದಿಯಿಂದ ಈ ತುದಿಗೆ ಓಡಾಡಿದರು. ನಾನು ಸ್ನಾನ ಮಾಡಿ, ಮಡಿಯುಟ್ಟು ಹೊಸ್ತಿಲಲ್ಲಿ ನಿಂತು ನೋಡುತ್ತಿದ್ದೆ. ಎಂದೂ ಏನನ್ನೂ ಕೇಳದ ಕಾಕಾ ನಮ್ಮ ಕಟ್ಟೆಯ ತನಕ ಬಂದರು.

“ತಂಗೀ, ಎಳಿ ಒಣಗಾಕ ಹತ್ಯಾವು. ಒಂದೀಟು ಕೈ ಹಚ್ಚತೀಯೇನವಾ?”

ಗಂಜಿಯೆಂದರೆ ಬೇಯಿಸಿದ್ದು, ಮುಸುರೆ. ಮುಟ್ಟಿದರೆ ಮಡಿ ಕೆಡುತ್ತಿತ್ತು.

“ನಾ ಮಡಿಯೊಳಗ ಇದ್ದೀನಿ, ಕಾಕಾ,” ಎಂದೆ.

ತಾನು ಕೇಳಬಾರದಿತ್ತು ಎಂದು ಅವರೇ ನನಗೆ ಸಮಾಧಾನ ಹೇಳಿ ತಿರುಗಿದರು. ಮಧ್ಯಾಹ್ನದ ಹೊತ್ತಿಗೆ ಎಳೆಗಳೆಲ್ಲ ಒಂದಕ್ಕೊಂದು ಅಂಟಿ ಹಪ್ಪಳದಂತೆ ಸೆಟೆದಿದ್ದವು. ಮೂರನೆಯ ದಿನ ಅವರ ಮನೆಗೆ ಬೀಗ ಬಿತ್ತು. ಅವರು ಹೊರಟಾಗ ನಾನು ಅಡುಗೆಮನೆಯಿಂದ ಹೊರಗೆ ಬರಲಿಲ್ಲ. ಮುಖ ತೋರಿಸಲು ನಾಚಿಕೆಯಾಗಿತ್ತು...

ನಾವೂ ರಾಮದುರ್ಗಕ್ಕೆ ಬಂದು ಎಷ್ಟೋ ವರ್ಷವಾಯಿತು. ಆ ಓಣಿಯಲ್ಲಿ ಈಗ ಒಂದು ಮಗ್ಗವೂ ಇಲ್ಲವಂತೆ. ಊರು ಖಾಲಿಯಾದದ್ದಕ್ಕೆ ಜನ ಪ್ಲೇಗನ್ನು ಬೈಯುತ್ತಾರೆ, ಗಿರಣಿಯನ್ನು ಬೈಯುತ್ತಾರೆ. ನನಗೆ ಕಾಕಾ ನಮ್ಮ ಕಟ್ಟೆಯ ತನಕ ಬಂದ ಆ ಬೆಳಿಗ್ಗೆ ನೆನಪಾಗುತ್ತದೆ. ಅಂದು ನಮ್ಮ ಹಂಡೆಯ ತುಂಬ ನೀರಿತ್ತು. ಇನ್ನೊಂದು ಸಲ ಸ್ನಾನ ಮಾಡಿದ್ದರೆ ಮುಗಿಯುತ್ತಿತ್ತು.